ಮಾನ್ಯ ಕರಿಜೀವದವರಿಗೆ, ತಲೆಯ ಮೇಲೆ ಡೇರೆ ಕೆಡವಿದ ವಿಚಾರವಾಗಿ

ಇವರಿಗೆ,
ಶ್ರೀ ಕರಿಜೀವದವರು,
ಆಡಿನ ಕೂದಲಿನ ನೇಯ್ಗೆಯ ಒಳಭಾಗ,
ಅಯಾಜನ ಡೇರೆ,
ಫಿರೂಜಾಬಾದಿನ ಬಯಲಿನಿಂದ ಬೇಸಿಗೆಯ ಬೆಟ್ಟಕ್ಕೆ ಹೋಗುವ ದಾರಿ.

ಮಾನ್ಯರೇ,

ತಮ್ಮ ಒಂದೊಂದು ಎಳೆಗೂ ನನ್ನ ಸಲಾಮು ಮುಟ್ಟಲಿ. ತಮ್ಮ ಮೈಮೇಲೆ ಸದಾ ಹಿತವಾದ ಹೊಗೆ ಆಡುತ್ತಿರಲಿ, ನುಸಿ ತಮ್ಮ ಹತ್ತಿರ ಸುಳಿಯದಿರಲಿ, ಆಲಿಕಲ್ಲು ಬಿದ್ದರೆ ಪಕ್ಕದವರ ಡೇರೆಯ ಮೇಲೆ ಬೀಳಲಿ. ತಮಗೆ ಕಿವಿಯುಂಟು, ಕಣ್ಣಿಲ್ಲ. ನನಗೆ ಬಾಯುಂಟು, ಅಕ್ಷರ ಬಾರದು. ಆದ್ದರಿಂದ ನಾನು ಹೇಳಿ ಬರೆಸಿದ ಈ ಪತ್ರವನ್ನು ತಮ್ಮ ಅಡಿಯಲ್ಲೇ ನಿಂತು ಗಟ್ಟಿಯಾಗಿ ಓದಿಸಲಾಗುವುದು. ಇದು ಬಹಿರಂಗ ಪತ್ರವಾದ್ದರಿಂದ ಆಮೇಲೆ ನೆರೆಯ ಡೇರೆಗಳಲ್ಲೂ ಓದಿಸಲಾಗುವುದು. ಅಲ್ಲಿನ ಚಾವಣಿಗಳಲ್ಲಿ ವಾಸವಾಗಿರುವ ತಮ್ಮ ಬಂಧುಬಳಗಕ್ಕೂ ತಾವು ನಡೆದುಕೊಂಡ ರೀತಿ ತಿಳಿಯಲಿ ಎಂಬುದು ನನ್ನ ವಿನಮ್ರ ಆಸೆ.

ತಮ್ಮ ಉಪಕಾರವನ್ನು ಮರೆತು ದೂರು ಹೇಳುವವಳು ನಾನಲ್ಲ. ಮಳೆ ಇನ್ನೂ ಬೆಟ್ಟದ ಆಚೆ ಇರುವಾಗಲೇ ತಾವು ಮೈ ಬಿಗಿದುಕೊಂಡು ಒಂದು ಹನಿಯೂ ಒಳಗೆ ಇಳಿಯದಂತೆ ನೋಡಿಕೊಳ್ಳುತ್ತೀರಿ. ಬಿಸಿಲೇರಿದರೆ ಎಳೆಗಳನ್ನು ಸಡಿಲಿಸಿ ಗಾಳಿ ಬಿಡುತ್ತೀರಿ. ಚೇಳು ಹತ್ತಿರ ಬಂದರೆ ಬಟ್ಟೆಯ ಅಂಚನ್ನು ನೆಲಕ್ಕೆ ಒತ್ತಿ ಹಿಡಿಯುತ್ತೀರಿ. ನನ್ನ ಮಗ ಗೂದರ್ಜ್ ಹಸುಳೆಯಾಗಿದ್ದಾಗ ಜ್ವರದಲ್ಲಿ ಒದ್ದಾಡುತ್ತಿದ್ದರೆ, ಅವನ ತೊಟ್ಟಿಲಿನ ಮೇಲಿನ ಭಾಗವನ್ನಷ್ಟೇ ಮೆಲ್ಲಗೆ ಅಲುಗಿಸಿ ಗಾಳಿ ಹಾಕಿದವರು ತಾವು. ಇದಕ್ಕೆಲ್ಲ ತಾವು ಕೇಳುವುದು ಒಲೆಯ ಹೊಗೆ, ನಮ್ಮ ಉಸಿರು, ಹಾಲು ಕಾಯುವಾಗ ಏಳುವ ಹಬೆ, ಮತ್ತೆ ವಸಂತಕ್ಕೊಮ್ಮೆ ಶರತ್ಕಾಲಕ್ಕೊಮ್ಮೆ ಜಾಗ ಬದಲಾವಣೆ. ನನ್ನ ಚಿಕ್ಕಪ್ಪನವರು ಪೇಟೆಯಲ್ಲಿ ಸಿಮೆಂಟಿನ ಮನೆ ಕಟ್ಟಿಸಿಕೊಂಡು ಡೇರೆಯನ್ನು ಮಡಿಚಿ ಅಟ್ಟಕ್ಕೆ ಹಾಕಿದ್ದರು. ಒಂದು ಬೇಸಿಗೆ ಕಳೆಯುವುದರೊಳಗೆ ಅದರಲ್ಲಿದ್ದ ತಮ್ಮ ಕುಲದವರು ಬೂದಿಯಾಗಿ ಉದುರಿಹೋದರು. ನಾವು ನಡೆಯದಿದ್ದರೆ ತಾವು ಉಳಿಯುವುದಿಲ್ಲ, ತಾವಿಲ್ಲದಿದ್ದರೆ ನಾವು ಮಳೆಚಳಿಯಲ್ಲಿ ನೆನೆದು ಸಾಯುತ್ತೇವೆ. ಇಷ್ಟು ಹತ್ತಿರದ ಸಂಬಂಧ ಇರುವವರು ಒಬ್ಬರ ಮಾನವನ್ನೊಬ್ಬರು ಊರ ಮುಂದೆ ಹೀಗೆ ಕಳೆಯಬಹುದೇ ಎಂಬುದೇ ನನ್ನ ಪ್ರಶ್ನೆ.

ತಮ್ಮ ಸಂಸ್ಕಾರದ ಬಗ್ಗೆಯೂ ನಾಲ್ಕು ಮಾತು ಹೇಳಲೇಬೇಕು. ಅತಿಥಿ ಒಳಗಿರುವಾಗ ಡೇರೆ ಕಳಚಬಾರದು, ಅವರ ತಲೆಯ ಮೇಲಿನ ನೆರಳನ್ನು ಮಡಿಚಬಾರದು ಎಂಬುದು ಕುರಿ ಹೊಡೆದುಕೊಂಡು ಅಲೆಯುವ ನಮ್ಮ ಕಶ್ಕಾಯಿ ಜನರ ಹಳೆಯ ಪದ್ಧತಿ. ಇದನ್ನು ತಮಗೆ ಕಲಿಸಿದವರು ನಾವೇ. ತಾವು ಅದನ್ನು ಎಷ್ಟು ಶ್ರದ್ಧೆಯಿಂದ ಕಲಿತಿರಿ ಎಂದರೆ, ಈಗ ಅತಿಥಿ ಒಳಗಿದ್ದರೆ ಬಟ್ಟೆಯ ಪಟ್ಟಿಗಳನ್ನು ಜೋಡಿಸುವ ಮರದ ಕಡ್ಡಿಗಳನ್ನೇ ಕಚ್ಚಿ ಹಿಡಿದುಬಿಡುತ್ತೀರಿ. ಅತಿಥಿ ಎದ್ದು ಹೋಗುವವರೆಗೆ ನಾಲ್ವರು ಗಂಡಸರು ಎಳೆದರೂ ಒಂದು ಕಡ್ಡಿಯೂ ಹೊರಗೆ ಬರುವುದಿಲ್ಲ. ಒಮ್ಮೆ ಕುರಿ ವ್ಯಾಪಾರಿಯೊಬ್ಬ ಇದನ್ನು ತಿಳಿದುಕೊಂಡು, ಕಾಲುನೋವು ಎಂದು ನೆಪ ಹೇಳಿ, ನಮ್ಮ ತುಪ್ಪ ಮುಗಿಯುವವರೆಗೆ ಮಲಗಿದ್ದ. ಆಗಲೂ ನಾನು ತಮ್ಮ ಮೇಲೆ ದೂರು ಹೇಳಲಿಲ್ಲ.

ಈಗ ಆ ದಿನದ ವಿಷಯಕ್ಕೆ ಬರುತ್ತೇನೆ. ಬಯಲಿನ ಹುಲ್ಲು ಒಣಗಿತ್ತು, ಬಾವಿ ತಳ ಕಂಡಿತ್ತು, ಇಡೀ ಗುಂಪು ಬೆಟ್ಟಕ್ಕೆ ಹೊರಡುವ ಬೆಳಗು. ನನ್ನ ಮಗ ಕುರಿಗಳನ್ನು ಹೊಡೆದುಕೊಂಡು ಮುಂಚೆಯೇ ಹೋಗಿದ್ದ. ಎಲ್ಲರ ಡೇರೆಗಳೂ ಹಣ್ಣೆಲೆ ಉದುರಿದಷ್ಟು ಸಲೀಸಾಗಿ ಕೆಳಗಿಳಿದವು. ನಮ್ಮದರ ಹತ್ತಿರ ಹೋಗಿ ನಾನು ಮೊದಲನೆಯ ಕಡ್ಡಿಗೆ ಕೈ ಹಾಕಿದರೆ ಅದು ಕಲ್ಲಿನಲ್ಲಿ ನೆಟ್ಟ ಹಾಗಿತ್ತು. ನನ್ನ ಗಂಡ ಅಯಾಜ್ ಬಂದು ಎಳೆದ. ಅವನ ತಮ್ಮಂದಿರು ಬಂದು ಎಳೆದರು. ಕೊನೆಗೆ ಎಲ್ಲರೂ ಬೆವರು ಒರೆಸಿಕೊಂಡು ನನ್ನನ್ನೇ ನೋಡಿದರು.

"ಒಳಗೆ ಯಾರೋ ಅತಿಥಿ ಇದ್ದಾರೆ," ಎಂದಳು ನನ್ನ ಗಂಡನ ಅಕ್ಕ ಸನೋಬರ್. ಬೇರೆಯವರ ಡೇರೆಯಲ್ಲಿ ಏನು ನಡೆಯುತ್ತಿದೆ ಎಂಬುದು ಅವಳಿಗೆ ತನ್ನ ಡೇರೆಗಿಂತ ಚೆನ್ನಾಗಿ ಗೊತ್ತು.

ತಾವು ಅತಿಥಿಯನ್ನು ಗುರುತಿಸುವುದು ಪಾದರಕ್ಷೆಯ ವಾಸನೆಯಿಂದ ಎಂದು ನಾವೆಲ್ಲ ತಲತಲಾಂತರದಿಂದ ನಂಬಿಕೊಂಡು ಬಂದಿದ್ದೇವೆ. ಆದ್ದರಿಂದ ಮೊದಲು ಒಳಗಿದ್ದ ಚಪ್ಪಲಿಗಳನ್ನೆಲ್ಲ ಹೊರಗೆ ಸಾಗಿಸಿದೆವು. ಕುರಿಗಳಿಗೆ ಲಸಿಕೆ ಹಾಕಲು ಬಂದಿದ್ದ ವೈದ್ಯರು ಮರೆತುಹೋದ ಒಂದು ರಬ್ಬರ್ ಬೂಟು ಹಾಸಿಗೆಗಳ ರಾಶಿಯ ಹಿಂದೆ ಸಿಕ್ಕಿತು. ಅದಕ್ಕೆ ಕೈಮುಗಿದು, ದೇವರು ನಿಮ್ಮ ದಾರಿಯನ್ನು ಸುಗಮ ಮಾಡಲಿ ಎಂದು ಹರಸಿ, ಸ್ವಲ್ಪ ದೂರ ಜೊತೆಗೆ ನಡೆದು ಬೀಳ್ಕೊಟ್ಟು ಬಂದೆವು. ತಾವು ಅಲುಗಲಿಲ್ಲ. ಆಮೇಲೆ ಹಿಟ್ಟಿನ ಚೀಲದ ಕೆಳಗೆ ಒಂದು ಆಮೆ ಸಿಕ್ಕಿತು; ಅದನ್ನೂ ಮರ್ಯಾದೆಯಿಂದಲೇ ಕಳಿಸಿಕೊಟ್ಟೆವು. ಆಗಲೂ ತಾವು ಅಲುಗಲಿಲ್ಲ.

ಆಗ ಅಯಾಜ್ ಟೋಪಿ ತೆಗೆದು ತಲೆ ಕೆರೆದುಕೊಂಡು, "ಅತಿಥಿ ನಾನೇ ಇರ್ಬೇಕು ಕಣೇ. ಬೆಳಗಿನಿಂದ ನೀನು ನನಗೆ ಒಂದ್ಸಲಾನೂ ಬೈದಿಲ್ಲ," ಎಂದ. ಎಲ್ಲರೂ ನಕ್ಕರು. ಮುನ್ನೆಚ್ಚರಿಕೆಯಾಗಿ ನಾನು ಅವನನ್ನು ಅಲ್ಲೇ ಡೇರೆಯೊಳಗೆ ನಿಲ್ಲಿಸಿ, ಅವನ ಗೊರಕೆ, ಅವನ ಹಳೇ ಕುದುರೆ ವ್ಯಾಪಾರ, ಅವನ ಅಕ್ಕ, ಹೀಗೆ ಎಲ್ಲವನ್ನೂ ಸೇರಿಸಿ ಚೆನ್ನಾಗಿ ಬೈದೆ. ಅವನು ಮನೆಯವನೇ ಎಂಬುದು ಸಾಬೀತಾಯಿತು. ಕಡ್ಡಿಗಳು ಮಾತ್ರ ಬರಲಿಲ್ಲ.

ಮಾನ್ಯರೇ, ಹೊತ್ತು ಏರುತ್ತಿತ್ತು. ನಮ್ಮ ಹಿಂದೆ ಇನ್ನೊಂದು ಕುಲದ ಕುರಿಗಳು ಅದೇ ದಾರಿಯಲ್ಲಿ ಬರುತ್ತಿದ್ದವು. ಅವು ನಮ್ಮನ್ನು ದಾಟಿ ಕಣಿವೆ ಸೇರಿದರೆ ನಮ್ಮ ಕುರಿಗಳಿಗೆ ಸಿಗುವುದು ಕಲ್ಲು ಮಾತ್ರ. ಎಲ್ಲಕ್ಕಿಂತ ಕೆಟ್ಟದ್ದು, ಬಯಲಿನ ಬಿಸಿಲಿಗೆ ತಮ್ಮ ದಕ್ಷಿಣದ ಅಂಚು ಬೂದುಬಣ್ಣಕ್ಕೆ ತಿರುಗುವುದನ್ನು ನಾನು ಕಣ್ಣಾರೆ ಕಂಡೆ. ಬೆರಳಿನಿಂದ ಮುಟ್ಟಿದರೆ ಸ್ವಲ್ಪ ಪುಡಿ ಉದುರಿತು. ತಾವು ಸಾಯುತ್ತಿದ್ದಿರಿ, ಆದರೂ ಯಾರದೋ ಮರ್ಯಾದೆಗಾಗಿ ಹಿಡಿತ ಬಿಡುತ್ತಿರಲಿಲ್ಲ. ಸನೋಬರ್ ಉಣ್ಣೆ ಕತ್ತರಿಸುವ ದೊಡ್ಡ ಕತ್ತರಿಯನ್ನು ತಂದು, "ಹೊಲಿಗೆ ಕತ್ತರಿಸಿಬಿಡೋಣ, ಇನ್ನೇನು ಮಾಡೋಕಾಗುತ್ತೆ?" ಎಂದಾಗ ನಾನು ಅದನ್ನು ಕಿತ್ತುಕೊಂಡು ದೂರ ಎಸೆದೆ. ಆ ಉಪಕಾರವನ್ನಾದರೂ ತಾವು ನೆನಪಿಟ್ಟುಕೊಳ್ಳಬೇಕಿತ್ತು.

ಆಗ ನನ್ನ ಸೊಸೆ ನಸ್ತರನ್ ನೀರು ತರಲೆಂದು ಡೇರೆಯಿಂದ ಹೊರಗೆ ಹೆಜ್ಜೆ ಇಟ್ಟಳು.

ಕಡ್ಡಿಗಳೆಲ್ಲ ಟಕಟಕ ಸಡಿಲವಾದವು. ಅಯಾಜ್ "ಬಂತು, ಬಂತು!" ಎಂದು ಕೂಗಿದ. ಏನು ಬಂತು ಎಂದು ನೋಡಲು ನಸ್ತರನ್ ಒಳಗೆ ಓಡಿ ಬಂದಳು. ಕಡ್ಡಿಗಳು ಮತ್ತೆ ಬಿಗಿದುಕೊಂಡವು. ಸನೋಬರಳ ಕಣ್ಣು ಹೊಳೆದದ್ದನ್ನು ನಾನು ನೋಡಿದೆ. "ಹುಡುಗೀ, ಇನ್ನೊಂದ್ಸಲ ಹೊರಗೆ ಹೋಗು. ಹಾಂ. ಈಗ ಒಳಗೆ ಬಾ. ಹಾಂ, ಮತ್ತೆ ಹೋಗು," ಎಂದು ಆ ಮಹಾತಾಯಿ, ಮೇಕೆಯ ಕಾಲು ಕುಂಟೋ ಅಲ್ಲವೋ ಎಂದು ಪರೀಕ್ಷೆ ಮಾಡುವಂತೆ, ನನ್ನ ಸೊಸೆಯನ್ನು ಒಳಗೂ ಹೊರಗೂ ನಡೆಸಿದಳು. ಮೂಟೆ ಕಟ್ಟಿ ಹೊರಟಿದ್ದವರೆಲ್ಲ ಕತ್ತೆಗಳ ಮೇಲೆ ಕೈಯಿಟ್ಟುಕೊಂಡು ನಿಂತು ನೋಡಿದರು. ಗುಲ್‌ತಮಾಮಳ, ಅಂದರೆ ನನ್ನ, ಡೇರೆಯಲ್ಲಿ ನನ್ನ ಸೊಸೆಯೇ ಅತಿಥಿ ಎಂಬುದು ಇಡೀ ಗುಂಪಿಗೆ ಒಂದೇ ಸಲಕ್ಕೆ ತಿಳಿಯಿತು.

ಇಲ್ಲಿ ನನ್ನ ಪರವಾಗಿ ಸ್ವಲ್ಪ ಹೇಳಿಕೊಳ್ಳಲು ಅಪ್ಪಣೆಯಾಗಬೇಕು. ನಸ್ತರನ್ ಪೇಟೆಯ ಹುಡುಗಿ. ಅವಳ ತಂದೆ ಫಿರೂಜಾಬಾದಿನಲ್ಲಿ ಟೈರಿಗೆ ಪಂಕ್ಚರ್ ಹಾಕುವವರು. ನನಗೆ ನನ್ನ ಅಣ್ಣನ ಮಗಳನ್ನು ತರಬೇಕೆಂಬ ಮನಸ್ಸಿತ್ತು. ಹಾಲು ಕೊಡಲು ಮನಸ್ಸಿಲ್ಲದ ಆಡಿನಿಂದಲೂ ಪಾತ್ರೆ ತುಂಬ ಕರೆಯುವ ಕೈ ಅವಳದು. ಮಗ ಕೇಳಲಿಲ್ಲ, ಶರತ್ಕಾಲದಲ್ಲಿ ಈ ಹುಡುಗಿಯನ್ನು ಒಂದು ಪ್ರೆಶರ್ ಕುಕ್ಕರ್ ಸಮೇತ ಕರೆದುಕೊಂಡು ಬಂದ. ಬೇರೆ ಅತ್ತೆಯಾಗಿದ್ದರೆ ಏನು ಮಾಡುತ್ತಿದ್ದಳೆಂದು ತಾವೇ ಊಹಿಸಿ. ನಾನು ಒಂದೇ ಒಂದು ಗಟ್ಟಿ ಮಾತು ಆಡಲಿಲ್ಲ. ಅವಳನ್ನು ಅಮ್ಮಾವ್ರೇ ಎಂಬ ಗೌರವದಲ್ಲಿ ಖಾನುಮ್ ಎಂದೇ ಕರೆದೆ. ಖಾನುಮ್, ತಾವು ಕುಳಿತಿರಿ; ಖಾನುಮ್, ತಮ್ಮ ಕೈ ಕೊಳೆಯಾಗುತ್ತದೆ; ಖಾನುಮ್, ಚಹಾ ಸ್ವೀಕರಿಸಿ, ಎಂದು ಇಡೀ ಚಳಿಗಾಲ ಅವಳನ್ನು ಮೆತ್ತೆಯ ಮೇಲೆ ಕೂರಿಸಿದೆ. ಅವಳಿಗೆ ಹಿಟ್ಟು ಮುಟ್ಟಲು ಬಿಡಲಿಲ್ಲ, ಆಡಿನ ಹತ್ತಿರ ಹೋಗಲು ಬಿಡಲಿಲ್ಲ. ಅತ್ತೆಯಂದಿರ ಚರಿತ್ರೆಯಲ್ಲಿ ಇಂಥ ಸೌಜನ್ಯ ಎಲ್ಲಾದರೂ ಉಂಟೇ? ಅದನ್ನು ತಾವು ಮೇಲಿನಿಂದ ದಿನಾ ಕೇಳಿಸಿಕೊಂಡಿರಿ. ಚಪ್ಪಲಿಯ ವಾಸನೆಯೂ ಇಲ್ಲ, ಮಣ್ಣೂ ಇಲ್ಲ. ನಮ್ಮ ಮಾತಿನಲ್ಲಿ ಯಾರು ನೀನು, ಯಾರು ತಾವು ಎಂಬುದನ್ನು ಕೇಳಿಸಿಕೊಂಡೇ ತಾವು ಮನೆಯವರು ಯಾರು, ಬಂದವರು ಯಾರು ಎಂದು ತೀರ್ಮಾನಿಸುತ್ತಿದ್ದಿರಿ. ನನ್ನ ಸೌಜನ್ಯವನ್ನು ತೂಗಿ ನೋಡಿ ಅದಕ್ಕೆ ಇಂಥ ಅರ್ಥ ಹಚ್ಚುವ ಅಧಿಕಾರ ತಮಗೆ ಯಾರು ಕೊಟ್ಟರು ಎಂದು ಕೇಳಲು ಬಯಸುತ್ತೇನೆ.

"ಅಷ್ಟೇ ತಾನೆ?" ಎಂದಳು ಸನೋಬರ್. "ಒಳಗೆ ನಿಂತ್ಕೊಂಡು ಅವಳಿಗೆ ಒಂದ್ಸಲ ನೀನು ಅನ್ನು. ಬಾಯೇನು ಸವೆದುಹೋಗುತ್ತಾ?"

ನಾನು ಪ್ರಯತ್ನಪಟ್ಟೆ. ತಾವೇ ಸಾಕ್ಷಿ. ಎಲ್ಲರೂ ನೋಡುತ್ತಿರುವಾಗ ಸೊಸೆಯ ಎದುರು ನಿಂತು, ಗಂಟಲು ಸರಿಮಾಡಿಕೊಂಡು, "ನೀ... ನೀನು ಚೆನ್ನಾಗಿದ್ದೀಯಾ, ಖಾನುಮ್?" ಎಂದೆ. ತಾವು ಎಷ್ಟು ಬಿಗಿದುಕೊಂಡಿರಿ ಎಂದರೆ ನಡುಗಂಬ ಕಿರುಗುಟ್ಟಿತು. "ನೀನು ಬಾ," ಎಂದೆ. "ನೀನು ಹೋಗು," ಎಂದೆ. "ನೀನು, ನೀನು, ನೀನು," ಎಂದು ಕೋಗಿಲೆಯ ಹಾಗೆ ಕೂಗಿದೆ. ಹೊರಗೆ ನಿಂತಿದ್ದ ಒಬ್ಬ ಮುದುಕ ನಗು ತಡೆಯಲಾರದೆ ಕತ್ತೆಯ ಕುತ್ತಿಗೆಯಲ್ಲಿ ಮುಖ ಹುದುಗಿಸಿದ. ತುಟಿಯ ಮಾತನ್ನು ತಾವು ಲೆಕ್ಕಕ್ಕೆ ಹಿಡಿಯುವುದಿಲ್ಲ ಎಂಬುದು ಆಗ ತಿಳಿಯಿತು. ಈ ವಿಷಯದಲ್ಲಿ ತಾವು ನಮ್ಮ ಮುಖಂಡರಿಗಿಂತ ಎಷ್ಟೋ ಮೇಲು.

ನಸ್ತರನ್ ಇಷ್ಟು ಹೊತ್ತೂ ತಲೆ ತಗ್ಗಿಸಿ ನಿಂತಿದ್ದಳು. ಈಗ ತನ್ನ ಬಟ್ಟೆಗಳನ್ನು ಒಂದು ಚೌಕದ ವಸ್ತ್ರದಲ್ಲಿ ಕಟ್ಟಿಕೊಂಡಳು. "ನಾನು ಅಪ್ಪನ ಮನೆಗೆ ಹೋಗ್ತೀನಿ. ದಾರೀಲಿ ಲಾರಿ ಸಿಗುತ್ತೆ. ನಾನು ಹೋದ್ರೆ ಇದು ಬಿಡುತ್ತೆ, ತಾವು ಡೇರೆ ಮಡಿಚಿ ಹೊರಡಿ," ಎಂದಳು. ಅವಳ ದನಿಯಲ್ಲಿ ಸಿಟ್ಟು ಇರಲಿಲ್ಲ, ಅಳು ಇರಲಿಲ್ಲ. ಗೂದರ್ಜ್ ಬೆಟ್ಟದ ಅರ್ಧ ದಾರಿಯಲ್ಲಿದ್ದ. ಅವನಿಗೆ ಏನೆಂದು ಹೇಳಲಿ? ಅವಳು ಹೋದರೆ ಬರುವವಳಲ್ಲ ಎಂದು ಅವಳು ಗಂಟು ಹಾಕಿದ ರೀತಿಯಲ್ಲೇ ಗೊತ್ತಾಗುತ್ತಿತ್ತು. ಅವಳು ನಿಂತರೆ ತಮ್ಮ ಪ್ರಾಣ ಹೋಗುತ್ತಿತ್ತು, ಅವಳು ಹೋದರೆ ನನ್ನ ಮಗನ ಮನೆ ಮುರಿಯುತ್ತಿತ್ತು. ಕೈಗೆ ಅಭ್ಯಾಸವಿದ್ದ ಕೆಲಸವನ್ನೇ ಮಾಡಿದೆ: ಹೊರಡುವ ಅತಿಥಿಗೆ ಕೊಡುವಂತೆ ತೆಳು ರೊಟ್ಟಿ, ಒಣಗಿಸಿದ ಮೊಸರಿನ ಉಂಡೆ, ಚಹಾದ ಜೊತೆ ಬಾಯಲ್ಲಿಟ್ಟುಕೊಳ್ಳುವ ಒಂದು ಹಿಡಿ ಸಕ್ಕರೆ ಗಡ್ಡೆ ಎಲ್ಲವನ್ನೂ ಬಟ್ಟೆಯಲ್ಲಿ ಕಟ್ಟಿ, ಎರಡೂ ಕೈಯಲ್ಲಿ ಹಿಡಿದು, "ಖಾನುಮ್, ದಾರಿಗೆ ಬುತ್ತಿ ಸ್ವೀಕರಿಸಿ," ಎಂದೆ.

ಬಾಗಿಲು ದಾಟಲು ಕಾಲೆತ್ತಿದ್ದವಳು ತಿರುಗಿದಳು. ಬುತ್ತಿಯನ್ನು ಕಿತ್ತುಕೊಂಡು ನೆಲಕ್ಕೆ ಬಡಿದಳು. ಸಕ್ಕರೆ ಗಡ್ಡೆಗಳು ಒಲೆಯವರೆಗೂ ಉರುಳಿದವು.

"ಬುತ್ತಿ ಕೊಡ್ತೀಯಾ? ನೀನು ನನಗೆ ಬುತ್ತಿ ಕೊಡ್ತೀಯಾ?" ಎಂದಳು. "ಇಡೀ ಚಳಿಗಾಲ ಮೆತ್ತೆ ಮೇಲೆ ಕೂತೂ ಕೂತೂ ನನ್ನ ಕಾಲು ಜೋಮು ಹಿಡಿದು ಹೋಯ್ತು! ಒಂದ್ಸಲ ಆಡಿನ ಕೆಚ್ಚಲು ಮುಟ್ಟೋಕೆ ಬಿಟ್ಟಿದ್ಯಾ? ಅವತ್ತೊಂದಿನ ನೀನು ಡೇರೇಲಿಲ್ಲ ಅಂತ ರೊಟ್ಟಿ ಮಾಡಿದೆ. ತುಂಬ ಚೆನ್ನಾಗಿದೆ ಖಾನುಮ್ ಅಂತ ನಗ್ತಾ ತಿಂದು, ಹಿಂದಿನಿಂದ ನಾಯಿಗೆ ಹಾಕ್ದೆ! ನಾನು ನೋಡಿಲ್ಲ ಅಂದ್ಕೊಂಡ್ಯಾ? ಸುಟ್ಟಿದೆ ಅಂತ ನನ್ನ ಮುಖಕ್ಕೆ ಹೇಳೋಕೆ ನಿನಗೇನು ಬಂದಿತ್ತು?"

ಮಾನ್ಯರೇ, ರೊಟ್ಟಿಯ ವಿಷಯದಲ್ಲಿ ಸುಳ್ಳನ್ನು ಕೇಳಿಸಿಕೊಂಡು ಸುಮ್ಮನಿರುವುದು ನನ್ನ ಜಾಯಮಾನವಲ್ಲ.

"ಸುಟ್ಟಿತ್ತಾ? ಎಲ್ಲಿ ಸುಟ್ಟಿತ್ತು? ಸುಟ್ಟಿದ್ರೆ ತಿನ್ನಬಹುದಿತ್ತಲ್ಲೇ!" ಎಂದೆ. "ಒಳಗೆಲ್ಲ ಹಸೀ ಹಿಟ್ಟು! ನಾಯಿ ಕೂಡ ಮೂಸಿ ನೋಡಿ ನನ್ನ ಮುಖ ನೋಡ್ತು! ಆ ಹಿಟ್ಟಿಗೆ ನೀರು ಹಾಕಿದ್ದೋ, ಕೆರೆಗೆ ಹಿಟ್ಟು ಹಾಕಿದ್ದೋ? ಹಂಚು ಕಾಯೋ ಮೊದ್ಲೇ ರೊಟ್ಟಿ ಹಾಕ್ತಾರೇನೇ, ಪಂಕ್ಚರ್ ಅಂಗಡಿ ಹುಡುಗಿ?"

"ಯಾರು ಹೇಳಿಕೊಟ್ರು ನನಗೆ? ನೀನು ಹೇಳಿಕೊಟ್ಯಾ?"

"ಕೇಳಿದ್ಯಾ ನೀನು? ಬಾಯಲ್ಲಿ ಏನಿಟ್ಕೊಂಡಿದ್ದೆ?"

"ನೀನು ಕೊಟ್ಟ ಸಕ್ಕರೆ ಗಡ್ಡೆ!"

ಇಷ್ಟು ಹೊತ್ತಿಗೆ ತಾವು ಎಲ್ಲ ಕಡ್ಡಿಗಳನ್ನೂ ಬಿಟ್ಟಾಗಿತ್ತು. ಅದನ್ನು ನಾವಿಬ್ಬರೂ ನೋಡಲಿಲ್ಲ. ಅಯಾಜ್ ಹೊರಗಿನಿಂದ ಏನೋ ಕೂಗುತ್ತಿದ್ದ, ಅದನ್ನೂ ಕೇಳಲಿಲ್ಲ. ತಾವು ಒಂದು ಸಣ್ಣ ಸೂಚನೆಯನ್ನೂ ಕೊಡದೆ, ಕಂಬ ಹಗ್ಗ ಸಮೇತ, ಧೊಪ್ಪೆಂದು ನಮ್ಮಿಬ್ಬರ ತಲೆಯ ಮೇಲೆ ಬಿದ್ದಿರಿ.

ನನ್ನ ದೂರು ಇರುವುದು ಇದರ ಬಗ್ಗೆ. ಮೊದಲನೆಯದಾಗಿ, ನನ್ನ ಅಜ್ಜಿಯ ಕಾಲದ ತಾಮ್ರದ ಕೆಟಲು ನೆಗ್ಗಿಹೋಯಿತು. ಆಮೇಲೆ, ನನ್ನ ಹೆಸರು ಹಾಳಾಯಿತು. ಹೆಣ್ಣು ಹೆತ್ತದ್ದು ಸಾಕು, ಹೂವು ಮುಗಿಯಿತು ಎಂದು ನನ್ನ ಅಪ್ಪ ನನಗೆ ಗುಲ್‌ತಮಾಮ್ ಎಂದು ಹೆಸರಿಟ್ಟಿದ್ದೇ ಸಾಲದು ಎಂಬಂತೆ ಈಗ ಎಲ್ಲರೂ ನನ್ನನ್ನು ಡೇರೆ ಬಿದ್ದವಳು ಎನ್ನುತ್ತಾರೆ. ಇದಕ್ಕಿಂತ ದೊಡ್ಡ ಅನ್ಯಾಯವೆಂದರೆ, ಆ ಕತ್ತಲಲ್ಲಿ, ಹೊಗೆಯ ವಾಸನೆಯ ನಡುವೆ, ಚಹಾದಲ್ಲಿ ನೆನೆದು ಬಿದ್ದಿದ್ದ ನನಗೆ ಜಗಳ ಮುಗಿಸಲು ತಾವು ಬಿಡಲಿಲ್ಲ. "ಇಬ್ರೂ ಬದುಕಿದ್ದೀರೇನೇ?" ಎಂದು ಅಯಾಜ್ ಹೊರಗಿನಿಂದ ಕೇಳಿದ. "ನನ್ನ ಕಾಲ ಮೇಲೆ ಕೂತಿದ್ದೀಯ, ಏಳೇ ದಡ್ಡಿ," ಎಂದೆ ನಾನು. "ನಿನ್ನ ಕಾಲನ್ನ ಎಲ್ಲೆಲ್ಲಿ ಚಾಚ್ಕೊಂಡಿದ್ದೀಯ ಅತ್ತೆ," ಎಂದಳು ಅವಳು. ಅಲ್ಲಿಯವರೆಗೆ ಅವಳೂ ನನ್ನನ್ನು ಖಾನುಮ್ ಎಂದೇ ಕರೆಯುತ್ತಿದ್ದಳು. ನನಗೆ ಅಳು ಬಂದುಬಿಟ್ಟಿತು. ಅವಳು ಹೋಗಿಬಿಡುತ್ತಾಳೆ ಎಂದು ನನಗೆ ನಿಜವಾಗಿಯೂ ಭಯವಾಗಿತ್ತು, ಮಾನ್ಯರೇ. ಅವಳ ಕೈಯನ್ನು ಹುಡುಕಿ ಹಿಡಿದುಕೊಂಡೆ. ಅವಳು ನಗುತ್ತಿದ್ದಳೋ ಅಳುತ್ತಿದ್ದಳೋ ಆ ಬಟ್ಟೆಯ ಅಡಿಯಲ್ಲಿ ಗೊತ್ತಾಗಲಿಲ್ಲ. ಇಷ್ಟು ವಯಸ್ಸಾದ ಹೆಂಗಸನ್ನು ಅಂಥ ಸ್ಥಿತಿಗೆ ತಂದು ನಿಲ್ಲಿಸುವುದು ಸಭ್ಯರ ಲಕ್ಷಣವಲ್ಲ.

ಆದ್ದರಿಂದ ತಮ್ಮಲ್ಲಿ ಕೆಲವು ಬೇಡಿಕೆಗಳನ್ನು ಇಡುತ್ತಿದ್ದೇನೆ. ಇನ್ನು ಮುಂದೆ ನನ್ನ ನಡತೆಯ ಬಗ್ಗೆ ಆಕ್ಷೇಪವಿದ್ದಲ್ಲಿ ಒಂದು ಮೂಲೆಯನ್ನು ಅಲುಗಿಸಿ ನನಗೊಬ್ಬಳಿಗೇ ತಿಳಿಸತಕ್ಕದ್ದು. ಕೆಟಲಿನ ನೆಗ್ಗನ್ನು ತಾವೇ ಸರಿಪಡಿಸಿ ಕೊಡತಕ್ಕದ್ದು. ಸನೋಬರಳ ತಲೆಯಿಂದ ಆ ದಿನದ ನೆನಪನ್ನು ತೆಗೆದುಹಾಕತಕ್ಕದ್ದು. ಅದು ಸಾಧ್ಯವಿಲ್ಲದಿದ್ದರೆ ಅವಳ ಡೇರೆಯಲ್ಲಿರುವ ತಮ್ಮ ಬಂಧುಗಳಿಗೆ ಹೇಳಿ ಒಂದು ಮಳೆಯ ದಿನ ಅವಳ ಹಾಸಿಗೆಯ ಮೇಲೆ ಮಾತ್ರ ಸ್ವಲ್ಪ ಸೋರಿಸತಕ್ಕದ್ದು. ಮತ್ತೆ, ನಾನು ಅಯಾಜನನ್ನು ಬೈಯುವುದನ್ನು ಪ್ರೀತಿ ಎಂದು ತಾವು ಅರ್ಥ ಮಾಡಿಕೊಂಡಿರುವ ವಿಷಯ ಅವನಿಗೆ ಯಾವ ಕಾರಣಕ್ಕೂ ತಿಳಿಯಬಾರದು.

ಈಗ ನಾವು ಬೆಟ್ಟದ ದಾರಿಯಲ್ಲಿದ್ದೇವೆ. ತಮ್ಮ ಬೂದು ಅಂಚು ಮತ್ತೆ ಕಪ್ಪಾಗುತ್ತಿದೆ. ಹಿಂದೆ ಬರುತ್ತಿದ್ದ ಕುಲದವರು ನಮ್ಮನ್ನು ದಾಟಿದ್ದರಿಂದ ಕುರಿಗಳು ಸ್ವಲ್ಪ ಬಡವಾದವು, ಸತ್ತಿಲ್ಲ. ನನ್ನ ಸೊಸೆ ಹಾಲು ಕರೆಯಲು ಕಲಿಯುತ್ತಿದ್ದಾಳೆ. ಅರ್ಧ ಪಾತ್ರೆಗೆ ಬೀಳುತ್ತದೆ, ಅರ್ಧ ಅವಳ ಲಂಗದ ಮೇಲೆ. ಅದನ್ನು ನಾನು ದಿನಾ ಅವಳ ಮುಖಕ್ಕೆ ಹೇಳುತ್ತೇನೆ, ಅವಳೂ ತಿರುಗಿ ಹೇಳುತ್ತಾಳೆ. ಈ ಗಲಾಟೆಯಿಂದ ತಮಗೆ ಒಳ್ಳೆಯ ಪೋಷಣೆಯಾಗುತ್ತಿದೆ ಎಂದು ಭಾವಿಸಿದ್ದೇನೆ.

ತಮ್ಮ ಎಳೆಗಳನ್ನು ನೇಯ್ದವರ ಮನೆಯ ಸೊಸೆಯೂ, ಇನ್ನೂ ಸೊಂಟ ನೋಯುತ್ತಿರುವವಳೂ ಆದ,

ತಮ್ಮ ವಿಶ್ವಾಸಿ,
ಗುಲ್‌ತಮಾಮ್

ವಿ.ಸೂ.: ಈ ಪತ್ರವನ್ನು ಬರೆದುಕೊಟ್ಟವಳು ನಸ್ತರನ್. ಇವತ್ತು ಮಧ್ಯಾಹ್ನ ತಮ್ಮ ಅಡಿಯಲ್ಲಿ ನಿಂತು ಓದಿದವಳೂ ಅವಳೇ. ಓದಿ ಮುಗಿಸಿ, "ಅತ್ತೆ, ಇಷ್ಟೊಂದು ತಾವು ತಾವು ಅಂದ್ರೆ ಅದು ತಾನೇ ಅತಿಥಿ ಅಂದ್ಕೊಳ್ಳಲ್ವಾ?" ಎಂದಳು. ಅಂದುಕೊಳ್ಳಲಿ, ತನ್ನ ಮನೆಯಲ್ಲೇ ತಾವು ಎನ್ನಿಸಿಕೊಂಡರೆ ಹೇಗಿರುತ್ತದೆ ಎಂದು ಅದಕ್ಕೂ ಗೊತ್ತಾಗಲಿ, ಬೇಸಿಗೆ ಮುಗಿಯುವವರೆಗೂ ಹೀಗೇ ಕರೆಯುತ್ತೇನೆ ಎಂದು ನಾನು ಹೇಳುತ್ತಿದ್ದ ಹಾಗೆಯೇ ಬಡಗಣ ಮೂಲೆಯ ಹಗ್ಗ ಸಡಿಲವಾಯಿತು. ಒಂದು ಕಡ್ಡಿ ನನ್ನ ಮಡಿಲಿಗೆ ಬಿತ್ತು, ಆಮೇಲೆ ಇನ್ನೊಂದು. ತಾವು ಒಳ್ಳೆಯ ಮನೆತನದ ಅತಿಥಿಗಳಂತೆ, ಹೆಚ್ಚು ದಿನ ಉಳಿದೆವೇನೋ ಎಂಬ ಸಂಕೋಚದಿಂದ ಮೆಲ್ಲಗೆ ಎದ್ದು ಹೊರಡುವ ಸಿದ್ಧತೆಯಲ್ಲಿದ್ದಿರಿ. ಈ ಕೆಳಗಿನದ್ದನ್ನು ನಸ್ತರನ್ ನಾನು ಕೂಗಿದ ಹಾಗೆಯೇ ಬರೆದಿದ್ದಾಳೆ:

ಏಯ್ ಕರಿಮೂತಿ! ಎಲ್ಲಿಗ್ ಹೊರ್ಟೆ ನೀನು? ಬಿಟ್ರೆ ಗಾಳಿ ಹೊತ್ಕೊಂಡು ಹೋಗುತ್ತೆ ಅಷ್ಟೇ ನಿನ್ನ. ಸುಮ್ನೆ ಹಿಡ್ಕೋ ಆ ಹಗ್ಗಾನ, ಮೋಡ ಬರ್ತಿದೆ.